ಐ ಡೂ ಕೊಬ್ಬರಿ, ಸಾರ್

ಬೆಳಗಿನ ಐದೂವರೆಗೆ ನನ್ನ ಫೋನು ಒಮ್ಮೆ ನಡುಗುತ್ತದೆ. ಹೈಸ್ಕೂಲಿನಲ್ಲಿ ಜೊತೆಗೆ ಓದಿದವರು ಮಾಡಿಕೊಂಡಿರುವ ವಾಟ್ಸಾಪ್ ಗುಂಪಿನಲ್ಲಿ ದಿನದ ಮೊದಲ ಗುಲಾಬಿ ಅರಳಿತು ಎಂದು ಅರ್ಥ. ಗುಲಾಬಿಯ ಮೇಲೆ ಇಬ್ಬನಿ, ಇಬ್ಬನಿಯ ಮೇಲೆ ಮಿಣುಕುವ ಅಕ್ಷರಗಳಲ್ಲಿ ಗುಡ್ ಮಾರ್ನಿಂಗ್. ಅದರ ಕೆಳಗೆ ಕಳಿಸಿದವನ ಸ್ವಂತ ಸಾಲು: "ಹಾಯ್ ಕಣ್ರಪ್ಪಾ ಎಲ್ರಿಗೂ." ಆಮೇಲೆ ಏಳು ಗಂಟೆಯವರೆಗೆ ಬಿಡುವಿಲ್ಲ. ಮಾಯಸಂದ್ರದಲ್ಲಿ ಗೊಬ್ಬರದ ಅಂಗಡಿ ಇಟ್ಟವನು ಹಾಯ್ ಅನ್ನುತ್ತಾನೆ. ಶೆಟ್ಟಿಕೆರೆಗೆ ಮದುವೆಯಾಗಿ ಹೋದವಳು ಹಾಯ್ ಫ್ರೆಂಡ್ಸ್ ಅನ್ನುತ್ತಾಳೆ. ಒಂದೇ ಬದುವಿನ ಆಚೆ ಈಚೆ ತೋಟವಿರುವ ಇಬ್ಬರು, ತಲೆ ಎತ್ತಿದರೆ ಒಬ್ಬರಿಗೊಬ್ಬರು ಕಾಣುವಂಥವರು, ತಲೆ ಎತ್ತದೆ ಫೋನಿನಲ್ಲೇ ಹಾಯ್ ಹೇಳಿಕೊಳ್ಳುತ್ತಾರೆ.

ನಮ್ಮ ಕಡೆ ಹಾಯುವುದು ಎಮ್ಮೆಯ ಕೆಲಸ. ಕೊಟ್ಟಿಗೆಗೆ ಹೊಸಬರು ಬಂದರೆ "ಹುಷಾರು ಕಣಪ್ಪ, ಹಾಯ್ತದೆ" ಎಂದು ಎಚ್ಚರಿಸುತ್ತೇವೆ. ಆ ಅರ್ಥದಲ್ಲಿ ತೆಗೆದುಕೊಂಡರೆ ಗುಂಪಿನ ಬೆಳಗು ಸರಿಯಾಗಿಯೇ ಇದೆ. ಕೋಡು ಇದ್ದವರು, ಇಲ್ಲದವರು ಎಲ್ಲರೂ ಎಲ್ಲರನ್ನೂ ಹಾಯುತ್ತಿದ್ದಾರೆ.

ನಾನು ಮೈಸೂರಿನಲ್ಲಿ ಭಾಷಾಶಾಸ್ತ್ರ ಓದಿದವನು. ಓದಿದ ಮೇಲೆ ನಾಲ್ಕು ಊರುಗಳಲ್ಲಿ ನಾಲ್ಕು ಕೆಲಸ ಹಿಡಿದು, ನಾಲ್ಕನ್ನೂ ಬಿಟ್ಟು, ಈಗ ಇಪ್ಪತ್ತು ವರ್ಷದಿಂದ ತಿಪಟೂರಿನ ಒಂದು ಕಾಲೇಜಿನಲ್ಲಿ ಇಂಗ್ಲಿಷ್ ಪಾಠ ಹೇಳುತ್ತೇನೆ. ಒಂದು ಪದ ಎಲ್ಲಿಂದ ಬಂತು ಎಂದು ಗೊತ್ತಿರುವವನಿಗೆ ಅದನ್ನು ಗೊತ್ತಿಲ್ಲದೆ ಬಳಸುವವರನ್ನು ಕಂಡರೆ ಮೈ ಉರಿಯುತ್ತದೆ. ಹೋದ ವರ್ಷ, ಮಳೆಗಾಲಕ್ಕೆ ಸ್ವಲ್ಪ ಮುಂಚೆ, ಒಂದು ಬೆಳಿಗ್ಗೆ ಆ ಉರಿ ತಡೆಯಲಾರದೆ ಗುಂಪಿಗೆ ಉದ್ದನೆಯ ಪಾಠವನ್ನೇ ಬರೆದು ಹಾಕಿದೆ.

ಹಾಯ್, ಹೇ ಎಂಬವು ನಮಸ್ಕಾರಗಳೇ ಅಲ್ಲ ಎಂದೆ. ದೂರದಲ್ಲಿರುವವನು ತಿರುಗಿ ನೋಡಲಿ ಎಂದು ಹಾಕುವ ಕೂಗು. ಹೊಲದಾಚೆ ಇರುವವನಿಗೆ ನಾವು ಓಯ್ ಅನ್ನುತ್ತೇವಲ್ಲ, ಅಷ್ಟೇ. ಹಲೋ ಕೂಡ ಅದೇ ಮನೆತನದ್ದು. ಬೇಟೆನಾಯಿಗಳನ್ನು ಛೂ ಬಿಡಲು, ಆಚೆ ದಡದ ದೋಣಿಯವನನ್ನು ಎಬ್ಬಿಸಲು ಇಂಗ್ಲೆಂಡಿನವರು ಹಾಕುತ್ತಿದ್ದ ಕೂಗಿನಿಂದ ಬಂದದ್ದು. ಟೆಲಿಫೋನು ಬಂದಾಗ ತಂತಿಯ ಆ ತುದಿಯಲ್ಲಿ ಯಾರಾದರೂ ಇದ್ದಾರೋ ಇಲ್ಲವೋ ತಿಳಿಯಲು ಒಂದು ಸದ್ದು ಬೇಕಾಯಿತು. ಟೆಲಿಫೋನು ಕಂಡುಹಿಡಿದವನಿಗೆ ಹಡಗಿನವರ ಅಹೋಯ್ ಎಂಬ ಕೂಗು ಇಷ್ಟವಿತ್ತು. ಜನ ಹಲೋ ಹಿಡಿದುಕೊಂಡರು. ಬಾಯ್ ಎಂಬುದು 'ದೇವರು ನಿಮ್ಮ ಜೊತೆಗಿರಲಿ' ಎಂಬ ಇಡೀ ವಾಕ್ಯ ಸವೆದು ಉಳಿದ ಚೂರು. ದೇವರಿಲ್ಲವೆಂದು ವಾದಿಸುವ ನನ್ನ ಸಹೋದ್ಯೋಗಿಯೊಬ್ಬ ಅದನ್ನು ದಿನಕ್ಕೆ ಹತ್ತು ಸಲ ಹೇಳುತ್ತಾನೆ. ಹೊರಡುವಾಗ 'ಬತ್ತೀನಿ' ಎಂದು ವಾಪಸು ಬರುವ ಮಾತು ಕೊಟ್ಟು ಹೋಗುತ್ತಿದ್ದ ನಮ್ಮ ಜನ ಈಗ ಬಾಯ್ ಎಂದು ಕೈ ಬೀಸಿ ಗಾಡಿ ಹತ್ತುತ್ತಾರೆ.

ಇಷ್ಟಕ್ಕೆ ನಿಲ್ಲಿಸಬಹುದಿತ್ತು. ನಿಲ್ಲಿಸಲಿಲ್ಲ. ಅಮೆರಿಕದ ದನಗಾಹಿಗಳ ಹೌಡಿ, 'ಹೌ ಡು ಯು ಡು' ಎಂಬುದರ ಮೊಟಕು ರೂಪ ಎಂದು ಬರೆಯುವಾಗ ತರಗತಿಯಲ್ಲಿ ಪ್ರತಿವರ್ಷ ಹೇಳುವ ಒಂದು ಕತೆ ನೆನಪಾಯಿತು.

ನಾವು ಎಂಟನೇ ತರಗತಿಯಲ್ಲಿದ್ದಾಗ ಶಾಲೆಯ ತಪಾಸಣೆಗೆ ಒಬ್ಬ ಸಾಹೇಬರು ಬಂದಿದ್ದರು. ಅವರು ಕೊನೆಯ ಬೆಂಚಿನ ಮುಂದೆ ನಿಂತು "ಹೌ ಡು ಯು ಡು?" ಎಂದರು. ಹುಡುಗ ಎದ್ದು ನಿಂತು "ಐ ಡೂ ಕೊಬ್ಬರಿ, ಸಾರ್" ಎಂದ. ತೋಟವಿದ್ದವರನ್ನು ನಮ್ಮ ಕಡೆ ಎಲ್ಲರೂ ಕೇಳುವ ಪ್ರಶ್ನೆ ಅದು: ಎಳನೀರು ಕೊಡ್ತೀರೋ, ಕೊಬ್ಬರಿ ಮಾಡ್ತೀರೋ? ಹೌ ಎಂದರೆ ಹೇಗೆ ಎಂದು ಮೇಷ್ಟ್ರು ಹೇಳಿಕೊಟ್ಟಿದ್ದರಿಂದ ಅವನು ಹೇಗೆ ಎಂಬುದನ್ನೂ ವಿವರಿಸಿದ. "ಅಟ್ಟ ಪುಟ್ಟಿಂಗ್, ಸಾರ್. ಇಲೆವೆನ್ ಮಂತ್ ಕೀಪಿಂಗ್. ದೆನ್ ಶೇಕಿಂಗ್." ಅಟ್ಟದಲ್ಲಿ ಒಣಗಿದ ಕಾಯಿಯನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿದರೆ, ಕೊಬ್ಬರಿ ಚಿಪ್ಪು ಬಿಟ್ಟಿದ್ದರೆ ಒಳಗೆ ಲೊಡಲೊಡ ಅನ್ನುತ್ತದೆ. ಅವನು ಬರಿಗೈಯನ್ನು ಕಿವಿಗೆ ತಂದು ಅದನ್ನೂ ಮಾಡಿ ತೋರಿಸಿದ.

ಕತೆಯ ಕೊನೆಗೆ, ಆ ಮಹಾನುಭಾವನೇ ಈಗ ನಮಗೆ ದಿನಾ ಗುಲಾಬಿ ಕಳಿಸುತ್ತಿರುವುದು ಎಂದು ಸೇರಿಸಿದೆ.

ಹತ್ತು ನಿಮಿಷಕ್ಕೆ, ಅವನು ಗುಂಪು ಬಿಟ್ಟ ಎಂಬ ಬೂದು ಅಕ್ಷರದ ಸಾಲು ಬಂತು. ಮಾರನೆಯ ದಿನ ಗುಲಾಬಿಯಿಲ್ಲ. ನಾನು ಗೆದ್ದೆ ಅಂದುಕೊಂಡು ಆರೂವರೆಯವರೆಗೆ ಮಲಗಿದೆ.

ಅವನ ಊರು ಬಿಳಿಗೆರೆ. ಚಿಕ್ಕಂದಿನಿಂದ ನನ್ನ ಪಕ್ಕದಲ್ಲಿ ಕೂತವನು. ವಾರಕ್ಕೆರಡು ಸಲವಾದರೂ ತಿಪಟೂರಿನ ಬಸ್ ಸ್ಟ್ಯಾಂಡಿನ ಹತ್ತಿರ ಎದುರಾಗುತ್ತಿದ್ದ. ಎದುರಾದಾಗಲೆಲ್ಲ "ಎತ್ಲಾಗ್ಲಾ ಹೊಂಟೆ?" ಅನ್ನುತ್ತಿದ್ದ. ನಾನು ಕಾಲೇಜಿಗೆ ಹೊರಟಿರುವುದು ನನ್ನ ಕೈಯಲ್ಲಿನ ಪುಸ್ತಕ ನೋಡಿದರೆ ತಿಳಿಯುತ್ತಿತ್ತು. "ಹಿಂಗೇ" ಎಂದು ಉತ್ತರಿಸುತ್ತಿದ್ದೆ. ಇಪ್ಪತ್ತು ವರ್ಷ ಅದೇ ಪ್ರಶ್ನೆ, ಅದೇ ಉತ್ತರ. ಅದನ್ನೂ ಒಮ್ಮೆ ತರಗತಿಯಲ್ಲಿ ಅರ್ಥವಿಲ್ಲದ ಮಾತಿನ ಉದಾಹರಣೆಯಾಗಿ ಕೊಟ್ಟಿದ್ದೆ. ಗುಂಪು ಬಿಟ್ಟ ಮೇಲೆ ಮೊದಲ ಸಲ ಎದುರಾದಾಗ ಅವನು ನನ್ನನ್ನು ದಾಟಿ, ಹಿಂದಿದ್ದ ಬಾಳೆಹಣ್ಣಿನ ಗಾಡಿಯನ್ನು ನೋಡುತ್ತ ಹೋದ. ಎರಡನೆಯ ಸಲವೂ ಹಾಗೆಯೇ. ಮೂರನೆಯ ಸಲ ನಾನೇ "ಎತ್ಲಾಗೆ?" ಎಂದೆ. ಅವನು ನಿಲ್ಲಲಿಲ್ಲ. ಅರ್ಥವಿಲ್ಲದ ಒಂದು ಮಾತು ಕೇಳಿಸದಿದ್ದರೆ ಅಷ್ಟು ಕಸಿವಿಸಿ ಯಾಕಾಗಬೇಕು ಎಂದು ನನ್ನ ಮೇಲೆಯೇ ಸಿಟ್ಟು ಬಂತು. ಎರಡು ತಿಂಗಳು ಆ ಸಿಟ್ಟಿನಲ್ಲಿದ್ದು, ಒಂದು ಭಾನುವಾರ ಮಧ್ಯಾಹ್ನ ಬಿಳಿಗೆರೆಗೆ ಹೋದೆ.

ಅವನ ಹೆಂಡತಿ ಅಂಗಳದಲ್ಲಿ ರಾಗಿ ಕೇರುತ್ತಿದ್ದರು. "ಬನ್ನಿ ಮೇಷ್ಟ್ರೇ. ಅಟ್ಟದ್ ಮ್ಯಾಲವ್ರೆ. ನೀವು ಬಂದ್ರೆ ಇಲ್ಲ ಅಂತ ಹೇಳು ಅಂದವ್ರೆ."

ಮೇಲಿನಿಂದ ದನಿ ಬಂತು. "ಇಲ್ಲ ಅಂತ ಹೇಳೇ."

"ಹೇಳ್ದೆ ಕಣ್ರೀ" ಎಂದು ಅವರು ಮೊರ ತೆಗೆದುಕೊಂಡು ಒಳಗೆ ಹೋದರು.

ನಾನು ಕೊಟ್ಟಿಗೆಯ ಒಳಗೆ ಏಣಿಯ ಬುಡದಲ್ಲಿ ನಿಂತೆ. ಅಟ್ಟದ ದಬ್ಬೆಗಳ ಸಂದಿಯಿಂದ ಅವನ ಅಂಗಾಲು ಕಾಣುತ್ತಿತ್ತು.

"ಯಾಕ್ಲಾ ಮಾತಾಡಲ್ಲ?"

"ನಾಯಿ ಹೆಂಗ್ಲಾ ಮಾತಾಡ್ತದೆ? ನೀನೇ ಬರ್ದಿದ್ದಲ್ಲ, ಹಾಯ್ ಅನ್ನೋದು ನಾಯಿ ಕರ್ಯೋಕೆ ಅಂತ."

"ಅದು ಹಲೋ ಕಣ್ಲಾ. ಹಾಯ್ ಅಲ್ಲ."

"ತಿದ್ದು, ತಿದ್ದು. ಅದೊಂದ್ ಕಲ್ತಿದೀಯ." ಒಂದು ಕಾಯಿ ಲೊಡಲೊಡ ಎಂದಿತು. "ನಾಯಿ ವಿಚಾರ ಬುಡು. ಕೊಬ್ಬರಿ ಅಂದೋನು ಯಾರು?"

"ನೀನು."

"ನಮ್ಮನೇಲಿ ಆಗ ಒಂದ್ ತೆಂಗಿನ್ ಮರ ಇತ್ತೇನ್ಲಾ? ಈ ತೋಟ ನಮ್ ಮಾವ ಕೊಟ್ಟಿದ್ದು. ನಮ್ಮಪ್ಪ ನಿಮ್ಮನೆ ಕಾಯಿ ಸುಲ್ಯೋಕ್ ಬತ್ತಿದ್ದ. ರಾಗಿ ಹೊಲ ಇದ್ದೋನು ಐ ಡೂ ಕೊಬ್ಬರಿ ಅಂತ ಯಾಕಂತಾನೆ? ಐ ಡೂ ರಾಗಿ ಅಂತಿದ್ದೆ."

"ಕೊನೇ ಬೆಂಚಲ್ಲಿ ಇದ್ದಿದ್ದು ನೀನು."

"ಕೊನೇ ಬೆಂಚಲ್ಲಿ ಇಬ್ರು ಕೂರ್ತಿದ್ವಿ."

ಸಾಹೇಬರ ಕನ್ನಡಕ ನನಗೆ ಚೆನ್ನಾಗಿ ನೆನಪಿದೆ. ಎರಡು ಗಾಜುಗಳಲ್ಲಿ ಎರಡು ಕಿಟಕಿಗಳು ಕಾಣುತ್ತಿದ್ದವು. ಅವರು ಪಕ್ಕದವನ ಕಡೆ ತಿರುಗಿ ಕೇಳಿದ್ದರೆ ನನಗೆ ಓರೆಯಿಂದ ಒಂದೇ ಗಾಜು ಕಾಣಬೇಕಿತ್ತು. ಹಿಂದೆ ತಿರುಗಿ ನಕ್ಕ ಇಡೀ ತರಗತಿಯ ಮುಖಗಳು ನೆನಪಿವೆ. ಅವನ ಮುಖ ಮಾತ್ರ ನೆನಪಿಲ್ಲ. ಆದರೂ ಇದೆಲ್ಲ ಪುರಾವೆಯಲ್ಲ ಎಂದು ನನ್ನ ಓದು ಹೇಳಿತು. ಕತೆಯನ್ನು ಇಪ್ಪತ್ತು ಸಲ ಹೇಳಿದವನು ಕನ್ನಡಕವನ್ನೂ ಕಿಟಕಿಯನ್ನೂ ತಾನೇ ಕೂರಿಸಿರಬಹುದು.

"ಎಲ್ರೂ ನಕ್ಕಾಗ ನೀನು ಅಳ್ತಾ ಕೂತಿದ್ದೆ" ಎಂದ ಅವನು. "ಅಳ್ಬೇಡ ಬುಡ್ಲಾ, ಬ್ಯಾರೆ ಕ್ಲಾಸಿನೋರು ಕೇಳಿದ್ರೆ ನಾನೇ ಅಂದೆ ಅಂತ ಹೇಳ್ತೀನಿ ಅಂದೆ. ನಾನ್ ಹೇಳಿದ್ ಸುಳ್ಳ ನೀನೇ ನಂಬ್ಕಂಡ್ ಬುಟ್ಟಿದೀಯ. ಓದ್ದೋನು!"

ಏಣಿಯ ಒಂದು ಮೆಟ್ಟಿಲು ಹತ್ತಿ ಕೇಳಿದೆ. "ದಿನಾ ಆ ಗುಲಾಬಿ ಯಾಕ್ ಕಳಿಸ್ತಿದ್ದೆ?"

ಅವನು ಇನ್ನೊಂದು ಕಾಯಿ ಅಲ್ಲಾಡಿಸಿದ. ಅದು ಸದ್ದು ಮಾಡಲಿಲ್ಲ. "ಒಳಗಡೆ ಐತೋ ಇಲ್ವೋ ನೋಡಾಣ ಅಂತ" ಎಂದು ಅದನ್ನು ಪಕ್ಕಕ್ಕಿಟ್ಟ. ಹೇಳಿದ್ದು ಕಾಯಿಯ ವಿಷಯವೋ ಗುಂಪಿನ ವಿಷಯವೋ ತಿಳಿಯಲಿಲ್ಲ. ಕೇಳಿದರೆ ವೇದಾಂತ ಶುರುಮಾಡಿಯಾನು ಎಂದು ಹೆದರಿ ಬಿಟ್ಟುಬಿಟ್ಟೆ.

"ಎಲ್ಲರ ಮುಂದೆ ಹಾಕಿದೀಯ. ಎಲ್ಲರ ಮುಂದೆ ಹೇಳು" ಎಂದ. "ಆಮೇಲೆ ಎತ್ಲಾಗ್ ಹೊಂಟೆ ಅಂತ ಕೇಳ್ತೀನಿ. ಅಲ್ಲೀಗಂಟ ಕಾಫಿ ಕುಡ್ಕಂಡು ಹೋಗು."

ಮೂರು ದಿನ ಬರೆದು ಅಳಿಸಿದೆ. 'ಬಹುಶಃ' ಎಂದು ಒಂದು ಸಲ ಶುರುಮಾಡಿದೆ, 'ನೆನಪು ಎಂಬುದು' ಎಂದು ಇನ್ನೊಂದು ಸಲ. ಎರಡನ್ನೂ ಓದಿಕೊಂಡಾಗ, ಒಬ್ಬ ವಿದ್ಯಾರ್ಥಿ ಹಾಗೆ ಬರೆದಿದ್ದರೆ ನಾನು ಎಷ್ಟು ಅಂಕ ಕೊಡುತ್ತಿದ್ದೆ ಎಂಬುದು ಸ್ಪಷ್ಟವಾಗಿತ್ತು. ನಾಲ್ಕನೆಯ ಬೆಳಿಗ್ಗೆ, ಐದೂವರೆಗೆ, ಇಷ್ಟು ಕಳಿಸಿದೆ: "ಐ ಡೂ ಕೊಬ್ಬರಿ ಅಂದವನು ನಾನು. ಅವನಲ್ಲ."

ಗೊಬ್ಬರದ ಅಂಗಡಿಯವನು ಓದದೆಯೇ ಹೆಬ್ಬೆರಳು ಎತ್ತಿ "ಸೂಪರ್, ಗುಡ್ ಮಾರ್ನಿಂಗ್" ಎಂದ. ಬದುವಿನ ಆಚೆಯವನು ಕೈ ಮುಗಿದ, ಈಚೆಯವನು ಗುಲಾಬಿ ಹಾಕಿದ. ಮೂರು ದಿನದ ಸಂಕಟಕ್ಕೆ ಸಿಕ್ಕ ಗೌರವ ಇದು ಎಂದು ಫೋನು ಕೆಳಗಿಡುವಷ್ಟರಲ್ಲಿ ಶೆಟ್ಟಿಕೆರೆಯವಳು ಬರೆದಳು: "ಹಾಯ್. ನೀನೇ ಅಂತ ನಮಗೆಲ್ಲಾ ಗೊತ್ತಿತ್ತು ಕಣೋ. ನಾನು ಮುಂದಿನ ಬೆಂಚಿಂದ ತಿರುಗಿ ನೋಡಿದ್ದೆ. ನೀನು ಊರೆಲ್ಲಾ ಅವನ ಹೆಸರಲ್ಲಿ ಹೇಳ್ಕೊಂಡು ತಿರುಗ್ತಿದ್ದೆ, ಅವನೇ ಸುಮ್ಮನಿದ್ದ, ನಮಗ್ಯಾಕೆ ಅಂತ ಬಿಟ್ವಿ."

ಇಪ್ಪತ್ತು ವರ್ಷಗಳಲ್ಲಿ ಆ ಗುಂಪಿನ ಯಾರಾದರೂ ನನಗೆ ಹೇಳಿದ ಉಪಯುಕ್ತ ಮಾತು ಅದೊಂದೇ. ಅದಕ್ಕೂ ಮೊದಲು ಹಾಯ್ ಅಂದಿದ್ದಳು.

ಆ ವಾರವೇ, ಶೆಟ್ಟಿಕೆರೆಯವಳು ಅವನನ್ನು ಮತ್ತೆ ಗುಂಪಿಗೆ ಸೇರಿಸಿದ ಮೇಲೆ, ಬಸ್ ಸ್ಟ್ಯಾಂಡಿನ ಹತ್ತಿರ ಅವನು ರಸ್ತೆಯ ಆಚೆ ಕಾಣಿಸಿದ. ನಾನು ಪುಸ್ತಕ ಕಂಕುಳಿಗೆ ಸಿಕ್ಕಿಸಿಕೊಂಡು, 'ಎತ್ಲಾಗೆ' ಅಂದರೆ 'ಹಿಂಗೇ' ಅನ್ನಲು ಸಿದ್ಧನಾಗಿ ನಿಂತೆ. ಅವನು ಎರಡೂ ಕೈಯನ್ನು ಬಾಯಿಯ ಸುತ್ತ ಹಿಡಿದು, ಆಚೆ ದಡದ ದೋಣಿಯವನನ್ನು ಕರೆಯುವವನಂತೆ ಕೂಗಿದ.

"ಹೋಯ್ ಮೇಷ್ಟ್ರೇ! ಹೌ ಡು ಯು ಡು?"

ಬಾಳೆಹಣ್ಣಿನ ಗಾಡಿಯವನು ತಿರುಗಿದ. ಹೊರಡಲು ನಿಂತಿದ್ದ ಬಸ್ಸಿನ ಕಿಟಕಿಗಳಿಂದ ನನ್ನ ಇಬ್ಬರು ವಿದ್ಯಾರ್ಥಿಗಳು ತಲೆ ಹೊರಗೆ ಹಾಕಿದರು. ಈ ಪ್ರಶ್ನೆಗೆ ಉತ್ತರ ಹೇಳುವ ರೂಢಿಯಿಲ್ಲ, ಕೇಳಿದವನಿಗೆ ಅದೇ ಪ್ರಶ್ನೆಯನ್ನು ತಿರುಗಿ ಕೇಳಬೇಕು ಎಂದು ನಾನೇ ಅವರಿಗೆ ಕಲಿಸಿದ್ದೆ.

"ಕೊಬ್ಬರಿ, ಸಾರ್" ಎಂದೆ.

"ಕೇಳಿಸ್ಲಿಲ್ಲ ಕಣ್ಲಾ!"

ಖಾಲಿ ಕೈಯನ್ನು ಕಿವಿಯ ಹತ್ತಿರ ತಂದು ಅಲ್ಲಾಡಿಸಿ ತೋರಿಸಿದೆ. ಕೈಗೆ ಅದು ಚೆನ್ನಾಗಿ ಗೊತ್ತಿತ್ತು.