ಭಾನುವಾರ ಮಧ್ಯಾಹ್ನದ ಸರ್ಮಾಲೆ

ತುತ್ತು ನುಂಗುವಾಗ ಅವರ ಎಡಗೈಯ ಹೆಬ್ಬೆರಳು ಗಂಟಲಿನ ಗಂಟಿನ ಕೆಳಗೆ ಹೋಗಿ ನಿಲ್ಲುತ್ತಿತ್ತು. ಒಳಗೆ ಇಳಿಯುವ ಅನ್ನಕ್ಕೆ ಹೊರಗಿನಿಂದ ದಾರಿ ತೋರಿಸುವವರ ಹಾಗೆ ಮೆಲ್ಲಗೆ ಒತ್ತುತ್ತಿದ್ದರು. ಆಮೇಲೆ ಒಂದು ಗುಟುಕು ನೀರು. ಕಣ್ಣು ಮುಚ್ಚಿ ತೆರೆದು, ಮತ್ತೊಂದು ತುತ್ತು. ಮೂವತ್ತು ವರ್ಷ ತೂಗಾಡುವ ಹಡಗಿನಲ್ಲಿ ಉಂಡವರ ಅಭ್ಯಾಸ ಇರಬೇಕು ಎಂದುಕೊಂಡೆ. ನನಗೆ ಅರ್ಥವಾಗದ್ದಕ್ಕೆಲ್ಲ ಒಂದು ಕಾರಣ ಕಟ್ಟಿ ಮುಗಿಸಿಬಿಡುವ ಚಾಳಿ ನನಗೆ ಮೊದಲಿನಿಂದಲೂ ಇದೆ.

ಉರ್ವದಲ್ಲಿ ನಮ್ಮ ಪಕ್ಕದ ಮನೆ ಅವರದು. ಸರಕಿನ ಹಡಗುಗಳಲ್ಲಿ ಅಡುಗೆಯವರಾಗಿದ್ದು ನಿವೃತ್ತರಾಗಿ ಬಂದವರು. ಬೀದಿಗೆಲ್ಲ ಹಡಗಿನ ಅಂಕಲ್. ಮಾರುಕಟ್ಟೆಯಲ್ಲಿ ಬಂಗುಡೆಯ ಕಿವಿರು ಎತ್ತಿ ನೋಡದೆ ಕೊಂಡವರಲ್ಲ. ಯಾರ ಮನೆಯ ಸಾರಿಗೆ ಉಪ್ಪು ಹೆಚ್ಚಾದರೂ ಮುಖದ ಮೇಲೆ ಹೇಳಿ, ಸೊಸೆಯಂದಿರ ಶಾಪಕ್ಕೆ ಗುರಿಯಾಗುತ್ತಿದ್ದರು. ಅವರ ಮನೆಯಲ್ಲಿ ಊಟಕ್ಕೆ ಕೂತು ಯಾರಾದರೂ ಮಾತು ತೆಗೆದರೆ ಸೌಟು ಎತ್ತುತ್ತಿದ್ದರು. "ಮೊದಲು ಊಟ, ಮತ್ತೆ ಮಾತು." ನಾನು ಸಣ್ಣವಳಿದ್ದಾಗ ಅಪ್ಪ ತೀರಿಕೊಂಡ ದಿನವೂ ನನ್ನೆದುರು ಗಂಜಿಯ ಬಟ್ಟಲಿಟ್ಟು ಅದನ್ನೇ ಹೇಳಿದ್ದರು. ಗಂಜಿ ಮುಗಿಯುವವರೆಗೆ ಯಾರನ್ನೂ ನನ್ನ ಹತ್ತಿರ ಬಿಡಲಿಲ್ಲ.

ಎರಡು ವರ್ಷದ ಹಿಂದಿನ ಬೇಸಿಗೆಯಲ್ಲಿ ಒಂದು ದಿನ, ಕದ್ರಿಯಲ್ಲಿ ನಾನು ಕೆಲಸ ಮಾಡುವ ಟ್ರಾವೆಲ್ ಆಫೀಸಿಗೆ ಬಂದು, ನಾಲ್ಕಾಗಿ ಮಡಚಿದ ರೂಲು ಹಾಳೆಯೊಂದನ್ನು ಮೇಜಿನ ಮೇಲಿಟ್ಟರು. ಹಡಗಿನ ಅಡುಗೆಯವರು ವಾರದ ಊಟವನ್ನು ಮೊದಲೇ ಬರೆದು ಗೋಡೆಗೆ ಅಂಟಿಸುತ್ತಾರಂತೆ. ಇದೂ ಅಂಥದ್ದೇ ಮೆನು: ಏಳು ದಿನ, ದಿನಕ್ಕೆ ಮೂರು ಊಟ.

"ಎಲ್ಲಿಗೆ ಹೋಗ್ಬೇಕು ಅಂತ ಕೇಳ್ಬೇಡ ಮಾರಾಯ್ತಿ. ಎಂತ ತಿನ್ಬೇಕು ಅಂತ ಬರ್ದಿದ್ದೇನೆ. ಅದು ರೊಮೇನಿಯಾದಲ್ಲಿ ಎಲ್ಲಿ ಸಿಗ್ತದೆ ನೋಡಿ ಅಲ್ಲಿಗೆ ಟಿಕೆಟ್ ಮಾಡು."

"ಅಲ್ಲಿ ನೋಡ್ಲಿಕ್ಕೆ ಒಳ್ಳೊಳ್ಳೆ ಕೋಟೆಗಳು ಉಂಟು ಅಂಕಲ್."

"ಕೋಟೆ ತಿನ್ಲಿಕ್ಕೆ ಆಗ್ತದಾ?"

ಅವರ ಮೊದಲ ಹಡಗಿನ ದೊಡ್ಡ ಅಡುಗೆಯವನು ರೊಮೇನಿಯಾದವನು. ಇವರಿಗೆ ಚೂರಿ ಹಿಡಿಯುವುದರಿಂದ ಹಿಡಿದು ಎಲ್ಲವನ್ನೂ ಕಲಿಸಿದವನು. ಅವನು ಸರ್ಮಾಲೆ ಮಾಡುತ್ತಿದ್ದನಂತೆ: ಉಪ್ಪುನೀರಿನಲ್ಲಿ ಹುಳಿ ಬರಿಸಿದ ಕೋಸಿನ ಎಲೆಯಲ್ಲಿ ಅಕ್ಕಿ, ಕೊಚ್ಚಿದ ಮಾಂಸ ಸುತ್ತಿ, ಮಣ್ಣಿನ ಮಡಕೆಯಲ್ಲಿ ಅರ್ಧ ದಿನ ಬೇಯಿಸುವುದು. ಇವರು ಹೊಗಳಿದಾಗಲೆಲ್ಲ ಅವನು ತಲೆಯಾಡಿಸುತ್ತಿದ್ದ. ಇದು ಹಡಗಿನ ಸರ್ಮಾಲೆ, ಬರೀ ಸುಳ್ಳು. ನಿಜವಾದದ್ದು ನನ್ನ ಊರಿನಲ್ಲಿದೆ, ಒಮ್ಮೆ ಬಂದು ತಿನ್ನು ಎನ್ನುತ್ತಿದ್ದ. ಬರುತ್ತೇನೆ ಎಂದು ಇವರು ಕೈಮೇಲೆ ಕೈ ಹಾಕಿದ್ದರು. ಈಗ ಅವನಿಲ್ಲ. ಉತ್ತರದ ಬೆಟ್ಟದ ಊರಿನಲ್ಲಿ ಅವನ ತಂಗಿ ಇದ್ದಾಳೆ, ಬಾ ಎಂದು ಫೋನಿನಲ್ಲಿ ಬರೆದಿದ್ದಾಳೆ. ಹಾಳೆಯ ಕೊನೆಯ ಸಾಲು ಅವಳ ಮನೆಯದು. ಭಾನುವಾರ, ಮಧ್ಯಾಹ್ನ, ಸರ್ಮಾಲೆ. ಅದರ ಕೆಳಗೆ ಎರಡು ಗೆರೆ.

ಉಳಿದ ಆರು ದಿನಗಳಲ್ಲಿ ಹೊಗೆ ಹಾಕಿದ ಹಂದಿಮಾಂಸವಿತ್ತು, ಕೆಂಡದಲ್ಲಿ ಸುಟ್ಟ ಮಾಂಸದ ಉಂಡೆಗಳಿದ್ದವು, ಡಾನ್ಯೂಬ್ ನದಿ ಸಮುದ್ರ ಸೇರುವಲ್ಲಿನ ಮೀನಿನ ಹುಳಿಸಾರು ಇತ್ತು. ಊಟಕ್ಕೆ ತಕ್ಕ ಊರು, ಊರಿಗೆ ತಕ್ಕ ರೈಲು ಹುಡುಕುತ್ತ ನನಗೂ ಹುಚ್ಚು ಹಿಡಿಯಿತು. ಜುಲೈ ಕೊನೆಯ ವಾರಕ್ಕೆ ಎಲ್ಲ ಹೊಂದಿಸಿದೆ. ಆ ವಾರವನ್ನು ಆರಿಸಿದವರು ಅವರೇ. "ಅದಕ್ಕಿಂತ ತಡ ಬೇಡ" ಎಂದಿದ್ದರು.

ಎರಡು ವಾರವಾಗುವಷ್ಟರಲ್ಲಿ ಇನ್ನೊಂದು ಹಾಳೆ ತಂದರು. ಹಂದಿಮಾಂಸ ಇರಲಿಲ್ಲ, ಸುಟ್ಟ ಉಂಡೆಗಳೂ ಇರಲಿಲ್ಲ. ಆ ಜಾಗದಲ್ಲಿ ಮೆಕ್ಕೆಜೋಳದ ಹಿಟ್ಟಿನ ಮುದ್ದೆ ಮಮಲಿಗಾ, ಮೊಸರು, ಮೀನು ಬಂದಿದ್ದವು. ನಾನು ರೇಗಿದೆ. "ಎಂತ ಅಂಕಲ್, ಇಷ್ಟು ದೂರ ಹೋಗಿ ಮುದ್ದೆ ತಿನ್ಲಿಕ್ಕಾ?" ಅವರು ನಕ್ಕು, ಅಂಗಿಯ ಕಾಲರು ಸರಿಪಡಿಸಿಕೊಂಡರು. ಕಾಲರಿನೊಳಗೆ ಕುತ್ತಿಗೆ ಸಡಿಲವಾಗಿತ್ತು. ಅದನ್ನು ನೋಡಿದ್ದೆ. ಬಿಸಿಲಿಗೆ ಇಳಿದಿದ್ದಾರೆ ಎಂದುಕೊಂಡೆ.

ಮಳೆ ಶುರುವಾದ ಮೇಲೆ ಒಂದು ಭಾನುವಾರ ಸರ್ಮಾಲೆ ಮಾಡಿ ನನ್ನನ್ನು ಕರೆದರು. ಕೋಸಿನ ಎಲೆಯನ್ನು ಅವರು ನೆನೆಸಿದ್ದು ಉಪ್ಪಿನಲ್ಲಿ ಹಾಕಿಟ್ಟ ಹಲಸಿನ ತೊಳೆಯ ಭರಣಿಯ ನೀರಿನಲ್ಲಿ. ನಾನು ಎರಡು ತಿಂದು, ಪತ್ರೊಡೆಯ ಹಾಗೆ ಉಂಟು ಎಂದೆ.

"ಅದಕ್ಕೂ ಇದಕ್ಕೂ ಎಂತ ಸಂಬಂಧ ಮಾರಾಯ್ತಿ! ಎಲೆ ಸುತ್ತಿದ್ದೆಲ್ಲ ಪತ್ರೊಡೆಯಾ?" ಎಂದು ಗದರಿ, ತಾವೂ ಒಂದು ಎತ್ತಿಕೊಂಡರು. ಕಚ್ಚಿದರು. ಬಹಳ ಹೊತ್ತು ಅಗಿದರು. ಹೆಬ್ಬೆರಳು ಗಂಟಲಿಗೆ ಹೋಯಿತು. ಆಮೇಲೆ ಎದ್ದು ಹಿತ್ತಿಲಿಗೆ ನಡೆದರು. ಬಟ್ಟೆ ಒಗೆಯುವ ಕಲ್ಲಿನ ಕಡೆಯಿಂದ ಕೇಳಿದ ಸದ್ದು ಕೆಮ್ಮಿನದಲ್ಲ.

"ಗ್ಯಾಸ್" ಎಂದರು ಅವರ ಹೆಂಡತಿ, ನಮಗೆಲ್ಲ ಆಂಟಿ, ನೀರಿನ ಚೊಂಬು ಹಿಡಿದು ಹಿಂದೆಯೇ ಓಡುತ್ತ.

ಅವರು ಮುಖ ತೊಳೆದುಕೊಂಡು ಬಂದು ಕೂತರು. ಕಣ್ಣು ಕೆಂಪಾಗಿತ್ತು. "ಹುಳಿ ಸಾಕಾ?" ಎಂದು ಕೇಳಿದರು. ಅಂಕಲ್, ಡಾಕ್ಟರಿಗೆ ತೋರಿಸಿದ್ದೀರಾ ಎಂದು ಕೇಳಲು ಬಾಯಿ ತೆರೆದೆ. ಸೌಟು ಮೇಲೆದ್ದಿತು. "ಮೊದಲು ಊಟ, ಮತ್ತೆ ಮಾತು." ಊಟ ಮುಗಿದ ಮೇಲೆ ಕೇಳಬಹುದಿತ್ತು. ಕೇಳಲಿಲ್ಲ.

ಮರುದಿನ ಆಂಟಿ ನಮ್ಮ ಮನೆಗೆ ಬಂದರು. "ಜುಲೈ ಕೊನೆ ಅಂದ್ರೆ ಆಟಿ ಅಲ್ವಾ ಮಗಾ? ಆಟಿಯಲ್ಲಿ ಯಾರಾದ್ರೂ ಇಷ್ಟು ದೂರ ಹೊರಡ್ತಾರಾ? ಅವ್ರು ನನ್ನ ಮಾತು ಕೇಳೂದಿಲ್ಲ. ನೀನು ಹೇಳಿದ್ರೆ ಕೇಳ್ತಾರೆ."

ಆಟಿ ಎಂದರೆ ನಮ್ಮ ತುಳುವರಿಗೆ ಮಳೆಗಾಲದ ನಡುವಿನ ತಿಂಗಳು. ಮದುವೆ, ಮನೆ ಒಕ್ಕಲು, ಪ್ರಯಾಣ ಯಾವುದನ್ನೂ ಆಗ ಶುರು ಮಾಡುವುದಿಲ್ಲ. ಸತ್ತವರಿಗೆ ಎಲೆ ಹಾಕಿ, ಅವರು ಇಷ್ಟಪಡುತ್ತಿದ್ದುದನ್ನು ಬಡಿಸುವ ತಿಂಗಳದು. ನಾನು ಇದನ್ನೆಲ್ಲ ನಂಬುವವಳೆಂದು ಹೇಳಲಾರೆ. ಆಟಿಯಲ್ಲಿ ಎಷ್ಟೋ ಜನರನ್ನು ದುಬೈ ವಿಮಾನ ಹತ್ತಿಸಿದ್ದೇನೆ. ಆದರೆ ಅಲ್ಲಿ ಅವರಿಗೆ ಏನಾದರೂ ಆದರೆ ನನ್ನ ತಲೆಗೆ ಬರುತ್ತದೆ ಎಂಬ ಹೆದರಿಕೆ ಹುಟ್ಟಿತು. ಹಿತ್ತಿಲಿನ ಆ ಸದ್ದು ಕಿವಿಯಲ್ಲೇ ಇತ್ತು. ಮರುದಿನ ಆಟಿಯನ್ನೇ ನೆಪ ಮಾಡಿ, ಪ್ರಯಾಣವನ್ನು ಆಟಿ ಕಳೆದು ಬರುವ ಸೋಣ ತಿಂಗಳಿಗೆ ಹಾಕೋಣ ಎಂದೆ.

ಅವರು ನನ್ನನ್ನು ನೋಡಿದರು. ಹೊರಗೆ ಮಳೆ ಜಡಿಯುತ್ತಿತ್ತು. "ಒಂದು ತಿಂಗಳು ತಡ ಆಗ್ತದೆ" ಎಂದರು.

"ಒಂದು ತಿಂಗಳಲ್ಲಿ ರೊಮೇನಿಯಾ ಎಲ್ಲಿಗೆ ಓಡಿ ಹೋಗ್ತದೆ ಅಂಕಲ್?"

"ಅದು ಓಡೂದಿಲ್ಲ" ಎಂದರು. "ಆಯ್ತು. ನೀನು ಹೇಳಿದ ಹಾಗೆ."

ಮೂರನೆಯ ಹಾಳೆ ಬಂದದ್ದು ಆಟಿಯಲ್ಲೇ. ತಾವೇ ಬರಲಿಲ್ಲ, ಆಂಟಿಯ ಕೈಯಲ್ಲಿ ಕಳಿಸಿದ್ದರು. ಸೋಮವಾರದಿಂದ ಶನಿವಾರದವರೆಗೆ ಒಂದೇ ಪದಾರ್ಥ: ಹುಳಿಸಾರು. ಪ್ರತಿಯೊಂದರ ಪಕ್ಕದಲ್ಲಿ ಸಣ್ಣ ಅಕ್ಷರದಲ್ಲಿ 'ಸೋಸಿ' ಎಂದಿತ್ತು. ಭಾನುವಾರ ಮಧ್ಯಾಹ್ನದ ಸರ್ಮಾಲೆ ಮಾತ್ರ ಹಾಗೇ ಇತ್ತು, ಎರಡು ಗೆರೆಗಳ ಸಮೇತ. ಮೂರು ಹಾಳೆಗಳನ್ನೂ ಮೇಜಿನ ಮೇಲೆ ಸಾಲಾಗಿ ಇಟ್ಟು ನೋಡಿದೆ. ಅಷ್ಟು ದಿನ ನಾನು ಪ್ರವಾಸದ ಪಟ್ಟಿ ಎಂದುಕೊಂಡು ರೇಗುತ್ತಿದ್ದುದು ಒಂದು ಗಂಟಲು ಮುಚ್ಚಿಕೊಳ್ಳುತ್ತ ಬಂದ ಲೆಕ್ಕವಾಗಿತ್ತು.

ಸೋಣ ಹುಟ್ಟುವ ಮೊದಲೇ ಅವರಿಗೆ ನೀರೂ ಇಳಿಯದಾಯಿತು. ಅನ್ನನಾಳದಲ್ಲಿ ಗಡ್ಡೆ. ಅಲ್ಲಿಯವರೆಗೆ ಆಂಟಿಗೂ ತೋರಿಸದೆ ಇಟ್ಟಿದ್ದ ಫೈಲನ್ನು ಆಸ್ಪತ್ರೆಯಲ್ಲಿ ತೆರೆದೆ. ಮೊದಲ ಪರೀಕ್ಷೆಯ ಕಾಗದ ಅವರು ಕದ್ರಿಗೆ ಬಂದ ದಿನಕ್ಕಿಂತ ವಾರ ಮೊದಲಿನದು. ಎಲ್ಲ ಗೊತ್ತಿದ್ದೇ ನನ್ನೆದುರು ಕೂತಿದ್ದರು. ಎಷ್ಟು ದಿನ ನುಂಗಬಹುದೆಂದು ಡಾಕ್ಟರನ್ನು ಕೇಳಿಕೊಂಡೇ ಆ ಜುಲೈ ವಾರವನ್ನು ಆರಿಸಿದ್ದರು. ನಾನು ಆಟಿ ಬೇಡ ಎಂದಾಗ ಅವರು ಕಾರಣ ಹೇಳಿದ್ದರೆ ಆಂಟಿಗೆ ಗೊತ್ತಾಗಿಬಿಡುತ್ತಿತ್ತು. ಅದಕ್ಕೆ ಆಯ್ತು ಎಂದದ್ದು.

ಮಾತು ನಿಂತ ಮೇಲೆ ಬರೆದು ತೋರಿಸುತ್ತಿದ್ದರು. ಒಂದು ಸಂಜೆ ನಾಲ್ಕನೆಯ ಹಾಳೆ ಕೊಟ್ಟರು. ಹಂದಿಮಾಂಸ ಮರಳಿ ಬಂದಿತ್ತು. ಕೆಂಡದಲ್ಲಿ ಸುಟ್ಟ ಉಂಡೆ, ಮೀನು, ಸರ್ಮಾಲೆ, ಎಲ್ಲವೂ ಒಂದೇ ಊಟದಲ್ಲಿ. ಮೇಲೆ ವಾರದ ಹೆಸರಿರಲಿಲ್ಲ. 'ಆಟಿ' ಎಂದಷ್ಟೇ ಇತ್ತು.

"ಬರುವ ವರ್ಷಕ್ಕಾ ಅಂಕಲ್? ಆಟಿಯಲ್ಲಿ ಹೊರಡೂದು ಬೇಡ ಅಂತ ಅಲ್ವಾ..." ಎಂದುಬಿಟ್ಟೆ. ಆಂಟಿ ಸೆರಗಿನಿಂದ ಬಾಯಿ ಮುಚ್ಚಿಕೊಂಡು ಕಿಟಕಿಯ ಕಡೆ ತಿರುಗಿದರು. ಆಗ ನನಗೆ ಹೊಳೆಯಿತು. ತಪ್ಪಾಯಿತು ಎನ್ನಲು ಬಾಯಿ ತೆರೆದೆ. ಅವರು ಎರಡು ಬೆರಳೆತ್ತಿ ನನ್ನನ್ನು ತಡೆದರು. ಕೈಯಲ್ಲಿ ಸೌಟು ಇರಲಿಲ್ಲ, ಅಷ್ಟೇ. ಹಾಳೆಯನ್ನು ಎಳೆದುಕೊಂಡು ಕೆಳಗೆ ಬರೆದರು: 'ಸೋಸುವುದು ಬೇಡ.'

ದೀಪಾವಳಿಗೆ ಮೊದಲೇ ಹೋದರು.

ಕಳೆದ ಆಟಿಯಲ್ಲಿ ಆಂಟಿಯ ಅಡುಗೆಮನೆ ಹೊಕ್ಕೆ. ಸರ್ಮಾಲೆ ಮಾಡುವ ಕ್ರಮವನ್ನು ಆ ತಂಗಿಯನ್ನೇ ಫೋನಿನಲ್ಲಿ ಕೇಳಿದ್ದೆ. ತಮ್ಮಲ್ಲಿಯೂ ಸತ್ತವರ ಹೆಸರಿನಲ್ಲಿ ಸರ್ಮಾಲೆ ಮಾಡಿ ಹಂಚುತ್ತಾರೆ ಎಂದು ಬರೆದಳು. ಎಲೆಯನ್ನು ವಾರಗಟ್ಟಲೆ ಹುಳಿ ಬರಿಸಿದೆ, ಮಣ್ಣಿನ ಮಡಕೆಯಲ್ಲಿ ಬೆಳಿಗ್ಗೆಯಿಂದ ಬೇಯಿಸಿದೆ. ಇದೂ ಸುಳ್ಳು ಸರ್ಮಾಲೆಯೇ ಇರಬಹುದು. ನಿಜವಾದದ್ದನ್ನು ತಿಂದು ಬಂದು ಹೇಳಬೇಕಾದವರು ಅವರು.

ದೀಪ ಹಚ್ಚುವ ಹೊತ್ತಿಗೆ ಒಳಕೋಣೆಯಲ್ಲಿ ಬಾಳೆಲೆ ಹಾಕಿ, ನಾಲ್ಕನೆಯ ಹಾಳೆಯಲ್ಲಿದ್ದುದನ್ನೆಲ್ಲ ಬಡಿಸಿದೆ. ದಪ್ಪ ದಪ್ಪಗೆ, ಏನನ್ನೂ ಹಿಸುಕದೆ. ಬಡಿಸಿದ ಮೇಲೆ ಸ್ವಲ್ಪ ಹೊತ್ತು ಬಾಗಿಲು ಮುಚ್ಚಿ ಹೊರಗೆ ನಿಲ್ಲುವುದು ಕ್ರಮ. ಬಂದವರು ಸಮಾಧಾನದಲ್ಲಿ ಉಣ್ಣಲಿ ಎಂದು. ಮುಚ್ಚಿದ ಬಾಗಿಲಿನೆದುರು ಆಂಟಿ, ನಾನು ನಿಂತೆವು. ಒಂದು ವರ್ಷದಿಂದ ಬಾಯಲ್ಲಿಟ್ಟುಕೊಂಡ ಮಾತು ನನ್ನ ಗಂಟಲಿನವರೆಗೆ ಬಂತು. ನುಂಗಿಕೊಂಡೆ. ಇನ್ನೂ ಊಟ ಆಗಿರಲಿಲ್ಲ.

ಆಂಟಿ ಕೆಮ್ಮಿ ಬಾಗಿಲು ತೆರೆದರು. ಆಮೇಲೆ ಹೇಳಿದೆ.

"ಆಟಿಯಲ್ಲೇ ಹೋಗ್ಬಹುದಿತ್ತು ಅಂಕಲ್."