ಸೆರಗಿಲ್ಲದವಳ ಉಡಿ

ಗಜೇಂದ್ರಗಡದ ಆ ಮಗ್ಗದ ಶೆಡ್ಡಿಗೆ ಬೆಳಕು ಎಡಗಡೆಯ ತಗಡಿನ ಸಂದಿಯಿಂದ ಬರುತ್ತಿತ್ತು. ಬಲಗಡೆಯಿಂದಲೂ ಇರಬಹುದು. ನೆನಪು ಬೆಳಕನ್ನು ತನಗೆ ಬೇಕಾದಂತೆ ಜೋಡಿಸಿಕೊಳ್ಳುತ್ತದೆ, ನಾನು ಅದನ್ನು ನಂಬುವುದಿಲ್ಲ.

ನನ್ನ ದೇಹವೇ ನನ್ನ ಕಲೆಯ ಸಾಮಗ್ರಿ. ಅಂದಿನ ಪ್ರದರ್ಶನ ಸರಳ: ಮದುವೆಯಾಗದ, ಮಕ್ಕಳಿಲ್ಲದ ನಾನು ನೆಲದ ಮೇಲೆ ಕೂತು, ನನಗೂ ಉಡಿ ತುಂಬಿ ಎಂದು ಕೇಳುವುದು. ನಮ್ಮ ಕಡೆ ಅಕ್ಕಿ, ಖಣ, ಕೊಬ್ಬರಿ ಹಾಕುವುದು ಮುತ್ತೈದೆಯರ ಸೆರಗಿಗೆ. ಅಪ್ಪ ಹೋದ ಮೇಲೆ ಅವ್ವನ ಸೆರಗಿಗೆ ಯಾರೂ ಒಂದು ಕಾಳು ಹಾಕಿಲ್ಲ. ಬೇರೆಯವರಿಗೆ ಉಡಿ ತುಂಬುವಾಗ ಅವಳೇ ಎದ್ದು ಅಡುಗೆಮನೆಗೆ ಹೋಗಿಬಿಡುತ್ತಾಳೆ. ಅವಳು ಎದ್ದು ಹೋಗದಂಥ ಒಂದು ಉಡಿ ನನಗೆ ಬೇಕಿತ್ತು. ಮೊದಲ ಹಿಡಿ ನೀನೇ ಹಾಕು ಎಂದಿದ್ದೆ.

"ನನ್ನ ಕೈ ಬ್ಯಾಡ. ಬೇಕಾದ್ರ ನೋಡಾಕ ಬರ್ತೀನಿ," ಎಂದಿದ್ದಳು.

ರೋಣದ ಬಸ್ಸಿಳಿದು ಬಂದವಳು ಬಾಗಿಲಲ್ಲೇ ನಿಂತಳು.

ನೇಕಾರರ ಮನೆಯ ಹೆಂಗಸರು ತಟ್ಟೆ ಹಿಡಿದು ಬಂದರು. ಬಿಳಿ ಅಂಗಿ, ಬಿಳಿ ಪ್ಯಾಂಟಿನಲ್ಲಿ ಕೂತಿದ್ದ ನನ್ನನ್ನು ಅಜ್ಜಿಯೊಬ್ಬಳು ಬಗ್ಗಿ ನೋಡಿದಳು.

"ಎಲ್ಲಿ ಹಾಕ್ಲಿಬೇ? ಸೆರಗ ಎಲ್ಲೈತಿ?"

"ಕಿಸೇದಾಗ ಹಾಕಬೇ, ಎರಡ ಅದಾವ," ಎಂದಳು ಹಿಂದಿನವಳು.

ಶೆಡ್ಡಿನ ತುಂಬ ನಗು. ತಿಂಗಳುಗಟ್ಟಲೆ ಉಡಿಯನ್ನೇ ಧ್ಯಾನಿಸಿದವಳು ಸೆರಗನ್ನೇ ಮರೆತಿದ್ದೆ, ಅದೂ ಸೀರೆ ನೇಯುವವರ ಎದುರಿಗೆ.

"ಸಣ್ಣಾಕಿದ್ದಾಗಿಂದ ಹಿಂಗ ಇದು. ಸರಿ ಅತ್ಲಾಗ," ಎನ್ನುತ್ತ ಅವ್ವ ಬಂದು ಪಕ್ಕದಲ್ಲಿ ಕೂತಳು. ತನ್ನ ಸೆರಗನ್ನು ಎಳೆದು ನನ್ನ ಮೊಣಕಾಲುಗಳ ಮೇಲೆ ಹರಡಿದಳು. ಮಗಳನ್ನು ನೋಡಿ ಜನ ನಗುವುದು ನಿಲ್ಲಲಿ ಎಂದು ಅಷ್ಟೇ ಮಾಡಿದೆ ಎಂದು ಈಗ ಹೇಳುತ್ತಾಳೆ. ಅವಳ ನೆನಪನ್ನೂ ನಾನು ನಂಬುವುದಿಲ್ಲ.

ನಗು ನಿಂತಿತು. ಎಲ್ಲರ ಕಣ್ಣು ಅವ್ವನ ಬರಿಗೊರಳಿನ ಮೇಲೆ. ಅಕ್ಕಿ ಈಗ ಬಿದ್ದರೆ ಅವಳ ಸೆರಗಿಗೇ ಬೀಳಬೇಕು. ಅಜ್ಜಿಯ ಬೊಗಸೆ ಗಾಳಿಯಲ್ಲೇ ಉಳಿಯಿತು.

"ತವರ ಯಾವೂರವ್ವ ನಿಂದು?" ಅಜ್ಜಿ ಅವ್ವನನ್ನು ಕೇಳಿದಳು.

"ರೋಣದ ಕಡೆ ಯಾವಗಲ್ ಊರ್ರಿ."

"ಹಂಗಾರ ನಮ್ಮ ಕಡೀ ಮಗಳ ನೀ. ಗಟ್ಟಿ ಹಿಡಿ. ಚೆಲ್ಲೀತು."

ಅಕ್ಕಿ ಸುರಿಯಿತು. ಎರಡನೆಯವಳು ಕೊಬ್ಬರಿ ಇಟ್ಟಳು. ಮೂರನೆಯವಳಿಗೆ ಅವ್ವನೇ ಸರಿದು ಜಾಗ ಮಾಡಿಕೊಟ್ಟಳು.