ಸಾವಿತ್ರವ್ವನ ಗಿರಣಿಯ ನಾಲ್ಕನೇ ಸಿಲಿಂಡರ್

ಅಗರಖೇಡದಲ್ಲಿ ಸಾವಿತ್ರವ್ವನ ಹಿಟ್ಟಿನ ಗಿರಣಿಗೆ ಬೋರ್ಡು ಇರಲಿಲ್ಲ. ಬೇಕಾಗಿಯೂ ಇರಲಿಲ್ಲ. ಒಂದೇ ಸಿಲಿಂಡರಿನ ಹಳೆಯ ಡೀಸೆಲ್ ಇಂಜಿನ್ನು ಡುಗ್, ಡುಗ್, ಡುಗ್ ಎಂದು ಶುರುವಿಟ್ಟುಕೊಂಡಿತೆಂದರೆ ಓಣಿ ಓಣಿಯ ಹೆಂಗಸರು ಜೋಳದ ಡಬ್ಬಿ ತಲೆಯ ಮೇಲಿಟ್ಟು ಹೊರಟುಬಿಡುತ್ತಿದ್ದರು. ಮೂವತ್ತು ವರ್ಷ ಹೀಗೇ ನಡೆದಿತ್ತು. ಹ್ಯಾಂಡಲ್ ತಿರುವುವವಳು, ಬೆಲ್ಟು ಏರಿಸುವವಳು, ಹಿಟ್ಟು ತುಂಬಿ ಕೊಡುವವಳು ಎಲ್ಲ ಅವಳೇ. ಗಂಡ ಅಪ್ಪಾಸಾಬ ಗಿರಣಿಯ ಕಟ್ಟೆಯ ಮೇಲೆ ಗೋಣಿಚೀಲ ಹಾಸಿ, ಆ ಡುಗುಡುಗುವಿನ ಜೋಗುಳದಲ್ಲಿ ಹಾಯಾಗಿ ಮಲಗುತ್ತಿದ್ದ. ಕೈ ಕೆಸರಾಗದೆಯೂ ಬಾಯಿ ಮೊಸರಾಗುತ್ತದೆ ಎಂಬುದಕ್ಕೆ ಊರಿಗೆ ಅವನೊಬ್ಬನೇ ಸಾಕ್ಷಿ. ಯಾರಾದರೂ ಕೇಳಿದರೆ, "ನನಗ ತಕ್ಕ ಕೆಲಸ ಬರ್ಲಿ, ಮಾಡ್ತೇನಿ" ಎನ್ನುತ್ತಿದ್ದ. ಆ ಕೆಲಸವೋ ಮೂವತ್ತು ವರ್ಷದಿಂದ ದಾರಿಯಲ್ಲೇ ಇತ್ತು.

ಹೋದ ವರ್ಷ ಇಂಜಿನ್ನು ಜಾಮಾಗಿ ನಿಂತಿತು. ಇಂಡಿ ಪೇಟೆಯಿಂದ ಮೇಸ್ತ್ರಿ ಮಲಿಕಸಾಬ ಬಂದ, ಬಿಚ್ಚಿದ, ತಲೆಯಾಡಿಸಿದ.

"ಇದರ ಆಯುಷ್ಯ ತೀರಿತ್ರಿ ಅಕ್ಕಾರ. ನನ್ನ ಕಡಿ ಹಳೇ ಟ್ರ್ಯಾಕ್ಟರಿಂದು ಮೂರು ಸಿಲಿಂಡರಿನ ಇಂಜಿನ್ ಐತಿ. ಅದನ್ನ ಕೂಡಸ್ತೇನಿ."

"ಒಂದಕ್ಕ ಎಣ್ಣಿ ಹಾಕೂದ ಸಾಕಾಗೈತಿ. ಮೂರು ಯಾಕೋ ತಮ್ಮಾ?"

ಮಲಿಕಸಾಬ ಸೀಮೆಸುಣ್ಣ ತೆಗೆದು ನೆಲದ ಮೇಲೆ ಚಕ್ರ ಬರೆದ. "ಒಂದು ಸಿಲಿಂಡರಿದ್ರ ಚಕ್ರ ಎರಡು ಸುತ್ತು ತಿರುಗೂದ್ರಾಗ ಒಮ್ಮೆ ಏಟು ಬೀಳ್ತೈತ್ರಿ. ಉಳಿದ ಹೊತ್ತು ಈ ದಪ್ಪ ಚಕ್ರ ತನ್ನ ಭಾರದಾಗ ತಿರುಗಬೇಕು. ಅದಕ್ಕ ಅಷ್ಟು ಅದುರ್ತೈತಿ. ಮೂರಿದ್ರ ಸರತಿ ಮ್ಯಾಲ..."

"ಒಬ್ಬಾಕಿ ಖಾರ ಕುಟ್ಟಿದ್ರ, ಒನಕಿ ಎತ್ತೂತನಾ ಒಳ್ಳು ಸುಮ್ಮ ಕುಂದರ್ತೈತಿ. ಮೂವರು ಒಬ್ಬರ ಹಿಂದ ಒಬ್ಬರು ಕುಟ್ಟಿದ್ರ ಒಳ್ಳಿಗಿ ಪುರಸೊತ್ತಿಲ್ಲ. ಇಷ್ಟ ಹೌದಿಲ್ಲೋ?"

ಮಲಿಕಸಾಬ ಬರೆದ ಚಕ್ರವನ್ನು ಕಾಲಿನಿಂದ ಒರೆಸಿದ.

ಹೊಸ ಇಂಜಿನ್ನು ಬಂತು. ಅದರ ಪಕ್ಕ ಇಟ್ಟ ಚಹಾದ ಕಪ್ಪು ತುಳುಕಲಿಲ್ಲ. ಗೋಡೆಯ ಮೇಲಿನ ಕ್ಯಾಲೆಂಡರು ಮೂವತ್ತು ವರ್ಷದಲ್ಲಿ ಮೊದಲ ಸಲ ಅಲುಗಾಡದೆ ನಿಂತಿತು. ಹಿಟ್ಟು ಬೆಣ್ಣೆಯಂತೆ ಬಿತ್ತು. ಸಾವಿತ್ರವ್ವ ಸೆರಗು ಬಿಗಿದು ದಾರಿ ನೋಡುತ್ತ ನಿಂತಳು. ಒಂದು ನರಪಿಳ್ಳೆಯೂ ಬರಲಿಲ್ಲ.

ನಾಲ್ಕು ದಿನ ಕಳೆಯಿತು. ಐದನೆಯ ದಿನ ಬಾಳಮ್ಮ ತಲೆಯ ಮೇಲೆ ಬಿಸಿ ಹಿಟ್ಟಿನ ಡಬ್ಬಿ ಹೊತ್ತು ಎದುರಿಗೇ ಹಾಯ್ದಳು. ಹೊಸ ಓಣಿಯ ಕರೆಂಟು ಗಿರಣಿಯಿಂದ ಬರುತ್ತಿದ್ದಳು.

"ಯಾಕ ಬಾಳಮ್ಮ, ನಮ್ಮ ಮ್ಯಾಲ ಸಿಟ್ಟೇನ?"

"ನಿಮ್ಮ ಗಿರಣಿ ಬಂದ್ ಐತಲ್ಲಬೇ. ಸಪ್ಪಳನ ಇಲ್ಲ."

ಇಂಜಿನ್ನು ಆಗಲೂ ಸಾವಿತ್ರವ್ವನ ಬೆನ್ನ ಹಿಂದೆ ಸೊಂಯ್ ಎಂದು ತಿರುಗುತ್ತಿತ್ತು. ಹೀಗೇ ಇನ್ನೊಂದು ತಿಂಗಳು ನಡೆದರೆ ಬಾಗಿಲಿಗೆ ಬೀಗವೇ ಗತಿ. ಈ ಗಿರಣಿ ಬಿಟ್ಟರೆ ಊರಲ್ಲಿ ತನ್ನ ಹೆಸರು ಹಿಡಿದು ಕರೆಯುವವರು ಯಾರು? ಅವಳಿಗೆ ಅಳುವೇ ಬಂತು.

ಕಣ್ಣೀರು ಒರೆಸಿಕೊಂಡು ಕಣ್ಣು ತೆರೆದಾಗ ಕಂಡದ್ದು ಎರಡೇ. ಮೂಲೆಯಲ್ಲೊಂದು ಖಾಲಿ ಡೀಸೆಲ್ ಡ್ರಮ್ಮು, ಕಟ್ಟೆಯ ಮೇಲೊಬ್ಬ ಖಾಲಿ ಗಂಡ. ಅರ್ಧ ಮುರಿದ ಒನಕೆಯನ್ನು ತಂದು ಅವನ ಕೈಗಿಟ್ಟಳು.

"ಡ್ರಮ್ ಬಡೀರಿ. ನಮ್ಮ ಹಳೇ ಇಂಜಿನ್ನಿನ ಹಂಗ."

"ನನಗ ತಕ್ಕ ಕೆಲಸೇನ ಇದು?"

"ಕುಂತ ಮಾಡೂದ್ರಿ."

"ಕುಂತಽ?" ಅಪ್ಪಾಸಾಬ ಒನಕೆ ಹಿಡಿದ.

ಡುಗ್, ಡುಗ್, ಡುಗ್. ಸುಳ್ಳು ಹೇಳಬಾರದು, ಒಂದು ಏಟು ಹೆಚ್ಚಿಲ್ಲ, ಒಂದು ಕಡಿಮೆಯಿಲ್ಲ. ಮೂವತ್ತು ವರ್ಷ ಆ ಸಪ್ಪಳದಲ್ಲಿ ಮಲಗಿದವನ ಮೈಯಲ್ಲಿ ಅದು ಇಳಿದುಬಿಟ್ಟಿತ್ತು. ಅರ್ಧ ತಾಸಿನಲ್ಲಿ ಬಾಗಿಲ ಮುಂದೆ ಏಳು ಡಬ್ಬಿ ಸಾಲು ನಿಂತವು, ಮೊದಲನೆಯದು ಬಾಳಮ್ಮನದೇ. "ಮನ್ಯಾಗ ಗೋದಿ ಉಳಿದಿದ್ವು" ಎಂದು ಆಕೆ ಮುಖ ತಿರುವಿದಳು. ನಡುವೆ ಅಪ್ಪಾಸಾಬನಿಗೆ ತೂಕಡಿಕೆ ಬಂದು ಕೈ ನಿಂತಾಗ, ಕಣ್ಣೆದುರೇ ಹಿಟ್ಟು ಬೀಳುತ್ತಿದ್ದರೂ ಹೆಂಗಸರು, "ಸಾವಿತ್ರವ್ವ, ಇಂಜಿನ್ ಬಂದ್ ಬಿತ್ತ ನೋಡಬೇ" ಎಂದರು. ಊರಿಗೇ ಊರೇ ಅಪ್ಪಾಸಾಬನಿಗೆ ನಾಲ್ಕನೇ ಸಿಲಿಂಡರ್ ಎಂದು ಹೆಸರಿಟ್ಟಿತು.

ತಿಂಗಳ ಮೇಲೆ ಮಲಿಕಸಾಬ ಆಯಿಲ್ ಬದಲಿಸಲು ಬಂದ. ನೋಡಿ, ಹೊಟ್ಟೆ ಹಿಡಿದುಕೊಂಡು ನಕ್ಕ. ನಕ್ಕಾದ ಮೇಲೆ ಹೇಳಿದ, "ಇದಕ್ಕ ಅಣ್ಣಾರಿಗಿ ಯಾಕ ತ್ರಾಸು? ಗಾಲಿಗಿ ಒಂದು ಗೂಟ ಕೂಡಸ್ತೇನ್ರಿ ಅಕ್ಕಾರ. ತಿರುಗಿದಂಗ ತಾನ ಡ್ರಮ್ ಬಡೀತೈತಿ."

ಒನಕೆ ಗಾಳಿಯಲ್ಲೇ ನಿಂತಿತು. ಸಾವಿತ್ರವ್ವ ಗಂಡನತ್ತ ತಿರುಗಿದಳು. ಒಗೆದ ಧೋತರ, ನೆಟ್ಟಗೆ ಸುತ್ತಿದ ರುಮಾಲು. ಈಚೆಗೆ ಅವಳಿಗಿಂತ ಮೊದಲೇ ಬಂದು ಬೀಗ ತೆಗೆಯುತ್ತಿದ್ದವನು ಅವನೇ. ಈಗ ನೆಲ ನೋಡುತ್ತ ಕೂತಿದ್ದ.

"ಬ್ಯಾಡ ತಮ್ಮಾ," ಎಂದಳು ಸಾವಿತ್ರವ್ವ. "ಮೂವತ್ತು ವರ್ಷಕ್ಕ ಈ ಸಿಲಿಂಡರ್ ಚಾಲೂ ಆಗೇತಿ. ಬಿಚ್ಚಾಕ ಹೋಗಬ್ಯಾಡ."